ವಾರಸುದಾರರು: ಇಲ್ಲ

ಜನವರಿ 9

ಅಮ್ಮ,

ಇದು ಅಂಚೆಯಲ್ಲಿ ಬಂದ ಕಾಗದವಲ್ಲ. ನಮ್ಮ ಮುಖ್ಯ ಕಚೇರಿಯಿಂದ ನಿಮ್ಮ ಆಸ್ಪತ್ರೆಗೆ ವಾರಕ್ಕೆರಡು ಸಲ ಬರುವ ಟಪಾಲು ಚೀಲದಲ್ಲಿ ಹಾಕಿದ್ದೇನೆ. ಫೋನು ಮಾಡಿದರೆ ಮೂರನೆಯ ಮಾತಿಗೇ ಇಬ್ಬರ ದನಿಯೂ ಏರುತ್ತದೆ. ಬರೆದರೆ ಹಾಗಾಗುವುದಿಲ್ಲವೇನೋ ಅಂದುಕೊಂಡೆ.

ಕೆಲಸದ ವಿಷಯ. ನಮ್ಮ ಎಂಟೂ ಆಸ್ಪತ್ರೆಗಳಲ್ಲಿ 'ಮಾಹಿತಿ ಶಿಸ್ತು' ಅಂತ ಒಂದು ವ್ಯವಸ್ಥೆ ತರುತ್ತಿದ್ದೇವೆ. ಎಲ್ಲಿ ಯಾವ ಪುಸ್ತಕ ಇದೆ, ಯಾವ ಪಟ್ಟಿ ಇದೆ, ಯಾರು ನೋಡಬಹುದು, ಎಷ್ಟು ವರ್ಷ ಇಡಬೇಕು ಅನ್ನುವುದು ಈಗ ಯಾರಿಗೂ ಗೊತ್ತಿಲ್ಲ. ಅದನ್ನು ಸರಿಮಾಡುವ ಕೆಲಸ ನನ್ನ ಮೇಲೆ ಬಿದ್ದಿದೆ. ಎರಡು ವರ್ಷದ ಹಿಂದೆ ಇದನ್ನೇ ಮಾಡಲು ಹೋಗಿ ದಿನಗಟ್ಟಲೆ ಮೀಟಿಂಗ್ ಇಟ್ಟು, ನರ್ಸುಗಳು ಸಿಟ್ಟಾಗಿ ಎಲ್ಲ ನಿಂತುಹೋಗಿತ್ತು. ಈ ಸಲ ಮೀಟಿಂಗ್ ಇಲ್ಲ. ಒಂದು ಹಾಳೆಯ ಫಾರಂ, ಒಂದೇ ಸಲ ಕೇಳುತ್ತೇವೆ. ಯಾರ ಕೆಲಸವೂ ಒಂದು ಗಂಟೆ ಕೂಡ ನಿಲ್ಲಬಾರದು ಎಂದು ನಮ್ಮ ಮೇಲಧಿಕಾರಿಯ ಕಟ್ಟಪ್ಪಣೆ.

ನಿಮ್ಮಲ್ಲೇ ಮೊದಲು ಶುರು. ನಿನ್ನ ಸುತ್ತಮುತ್ತಲಿನವರಿಗೆ, ಇದು ಹೆದರುವಂಥದ್ದಲ್ಲ ಅಂತ ಒಂದು ಮಾತು ಹೇಳುತ್ತೀಯಾ?

ಕಾರ್ಡಿನ ವಿಷಯ ನಾನು ಎತ್ತುವುದಿಲ್ಲ.

ಮಗಳು

*

ಜನವರಿ 17

ಮಗಳಿಗೆ,

ನಾಲ್ಕು ತಿಂಗಳ ಮೇಲೆ ನಿನ್ನ ಕಾಗದ ಬಂತು, ಅದೂ ಕಚೇರಿ ಕೆಲಸಕ್ಕೆ. ಇರಲಿ. ಬಂತಲ್ಲ.

ಎತ್ತುವುದಿಲ್ಲ ಎಂದು ಬರೆದೇ ಕಾರ್ಡಿನ ವಿಷಯ ಎತ್ತಿದ್ದೀಯ. ನಾನೂ ಬರೆದುಬಿಡುತ್ತೇನೆ. ನಿನ್ನಣ್ಣನ ಹೆಸರು ಮನೆಯ ರೇಷನ್ ಕಾರ್ಡಿನಲ್ಲಿ ಇರುತ್ತದೆ. ಏಳು ವರ್ಷ ಕಾಣದೇ ಹೋದವನನ್ನು ಕಾನೂನು ಸತ್ತ ಅಂತ ತಿಳಿದುಕೊಳ್ಳಲಿ. ಕಾನೂನು ಅವನನ್ನು ಹೆತ್ತಿಲ್ಲ.

ನನ್ನ ಮೇಜು ನೀನು ನೋಡಿಲ್ಲ. ಒಗೆಯುವ ಕೋಣೆಗೂ ಶವಾಗಾರಕ್ಕೂ ನಡುವೆ ಇದೆ. ಒಂದು ಗೋಡೆ ಬಿಸಿ, ಇನ್ನೊಂದು ಗೋಡೆ ತಣ್ಣಗೆ. ಎದುರಿಗೆ ಒಂದು ಬೆಂಚು. ಕಾಣದೇ ಹೋದವರನ್ನು ಹುಡುಕಿಕೊಂಡು ಬರುವವರು ಅದರ ಮೇಲೆ ಕೂರುತ್ತಾರೆ. ನಾನು ಪುಸ್ತಕ ತೆಗೆದು ಗುರುತು ಓದುತ್ತೇನೆ. ಯಾರೂ ಕೇಳಿಕೊಂಡು ಬರದೆ ಮಣ್ಣು ಮಾಡಿದವರ ಪುಸ್ತಕ ಅದು. ನನಗಿಂತ ಮುಂಚೆ ಇದ್ದ ಹಿರಿಯ ಗುಮಾಸ್ತರು ಬಹಳ ಚೆನ್ನಾಗಿ ಬರೆಯುತ್ತಿದ್ದರು. 'ಅಂಗಿಯ ಮೂರನೆಯ ಗುಂಡಿ ಬೇರೆ, ಹಸಿರು ದಾರದಲ್ಲಿ ಯಾರೋ ಅಕ್ಕರೆಯಿಂದ ಹೊಲಿದದ್ದು' ಅಂತ ಒಂದು ಕಡೆ ಬರೆದಿದ್ದಾರೆ. ಆ ಗುಂಡಿ ಕೇಳಿಯೇ ಒಬ್ಬ ಹೆಂಗಸು ತನ್ನ ಗಂಡನನ್ನು ಗುರುತಿಸಿದಳು.

ನಿನ್ನಣ್ಣ ಹೋದಾಗ ನಾನು ಹಾಸಿಗೆ ಬಟ್ಟೆ ಎಣಿಸುವ ಉಗ್ರಾಣದಲ್ಲಿದ್ದೆ. ಬೇಡಿಕೊಂಡು ಈ ಮೇಜಿಗೆ ಬರುವಷ್ಟರಲ್ಲಿ ಹದಿನಾಲ್ಕು ತಿಂಗಳಾಯಿತು. ಆ ಹದಿನಾಲ್ಕು ತಿಂಗಳ ಪುಟಗಳನ್ನು ಎಷ್ಟು ಸಲ ಓದಿದ್ದೇನೋ. ಬಲಭುಜದ ಮಚ್ಚೆ, ಮಂಡಿಯ ಕಲೆ, ಕಿವಿಯ ಹಿಂದಿನ ಚಿಕ್ಕ ಗಂಟು, ಅವನ ಮೈಮೇಲೆ ನನಗೆ ಗೊತ್ತಿಲ್ಲದ ಗುರುತಿಲ್ಲ. ಪುಸ್ತಕದಲ್ಲಿ ಅವನಿಲ್ಲ. ಅದಕ್ಕೇ ಕಾರ್ಡಿನಲ್ಲಿ ಇದ್ದಾನೆ.

ಫಾರಂ ಕಳಿಸು. ತುಂಬುತ್ತೇನೆ.

ಅಮ್ಮ

*

ಜನವರಿ 23

ಅಮ್ಮ,

ಫಾರಂ ಇದರ ಜೊತೆಗಿದೆ. ನಾಲ್ಕೇ ಕಾಲಂ: ಪುಸ್ತಕದ ಹೆಸರು, ಎಷ್ಟು ವರ್ಷ ಇಡಬೇಕು, ಯಾರು ನೋಡಬಹುದು, ವಾರಸುದಾರರು. ಕಚೇರಿ ಭಾಷೆಯಲ್ಲಿ ಬರೆದರೆ ಯಾರೂ ಓದುವುದಿಲ್ಲ ಅಂತ ನಾನೇ ಕೂತು ಜನರಿಗೆ ತಿಳಿಯುವ ಮಾತು ಆರಿಸಿದ್ದೇನೆ. ಮೇಲಧಿಕಾರಿ ಓದಿ ಮೆಚ್ಚಿಕೊಂಡರು.

ಯೋಚನೆ ಮಾಡುತ್ತಾ ಕೂರಬೇಡ. ತೋಚಿದ್ದನ್ನು ಬರೆ. ತುಂಬಲು ಹತ್ತು ನಿಮಿಷ ಮೀರಬಾರದು ಅನ್ನುವುದು ನಮ್ಮ ಲೆಕ್ಕ.

ಹಿರಿಯ ಗುಮಾಸ್ತರ ಗುಂಡಿಯ ಕಥೆ ಓದಿದೆ. ಇಲ್ಲಿ ಯಾರಿಗಾದರೂ ಹೇಳೋಣ ಅನಿಸಿತು, ಹೇಳಲಿಲ್ಲ.

ಮಗಳು

*

ಫೆಬ್ರವರಿ 6

ಮಗಳಿಗೆ,

ಫಾರಂ ತುಂಬಿದ್ದೇನೆ. ಹತ್ತು ನಿಮಿಷವೂ ಆಗಲಿಲ್ಲ.

ಶವಾಗಾರದ ಬೀಗ ನೋಡಿಕೊಳ್ಳುವವನನ್ನು ಎಲ್ಲರೂ 'ಬೀಗರು' ಎನ್ನುತ್ತಾರೆ. ಮದುವೆಯ ಬೀಗರಲ್ಲ, ಬೀಗದ ಕೈಯ ಬೀಗರು. ಅವನು ಪಕ್ಕದಲ್ಲಿ ನಿಂತು ಓದಿಸಿಕೊಂಡ. "ಯಾರು ನೋಡಬಹುದು ಅಂತ ಬೇರೆ ಕೇಳ್ತಾರಲ್ಲಕ್ಕ. ನಮ್ಮ ಒಳಗಿರೋರು ಎದ್ದು ಬಂದು ಕದ್ದು ನೋಡ್ತಾರಂತಾ?" ಅಂದ. ಎಷ್ಟು ವರ್ಷ ಇಡಬೇಕು ಅನ್ನುವ ಕಡೆ, 'ಹುಡುಕುವವರು ಇರುವ ತನಕ' ಅಂತ ಬರೆದೆ. ಜಾಗ ಸಾಲದೆ ಅಂಚಿನವರೆಗೆ ಹೋಯಿತು.

ಕೊನೆಯ ಕಾಲಂ ನೋಡಿ ನನಗೂ ನಗು ಬಂತು. ವಾರಸುದಾರರಿಲ್ಲದ ಶವಗಳ ಪುಸ್ತಕಕ್ಕೆ ವಾರಸುದಾರರು ಯಾರು ಅಂತ ಕೇಳಿದರೆ ಏನು ಹೇಳುವುದು? 'ಇಲ್ಲ' ಅಂತ ಬರೆದೆ. ಆ ಒಂದು ಪದ ಬರೆದು ಬರೆದು ನನ್ನ ಕೈಗೆ ಎಷ್ಟು ರೂಢಿಯೆಂದರೆ, ಬರೆದ ಮೇಲೆ ನೋಡುತ್ತೇನೆ, ಪುಸ್ತಕದಲ್ಲಿ ಹಾಕುವ ಹಾಗೇ ಕೆಳಗೊಂದು ಗೆರೆಯನ್ನೂ ಎಳೆದುಬಿಟ್ಟಿದ್ದೇನೆ.

ನೀನು ಊಟ ಮಾಡುತ್ತಿದ್ದೀಯಾ ಸರಿಯಾಗಿ?

ಅಮ್ಮ

*

ಏಪ್ರಿಲ್ 2

ಅಮ್ಮ,

ಎರಡು ತಿಂಗಳು ಬರೆಯಲಾಗಲಿಲ್ಲ. ಕೆಲಸ ಕುತ್ತಿಗೆಯವರೆಗೆ ಬಂದಿತ್ತು. ನಿನ್ನ ಕಾಗದ ಬಂದ ದಿನವೇ ಮುನ್ನೂರು ಫಾರಂ ಬಂದವು. ಊಟದ ಮಾತು ಓದಿ ಮಡಚಿ ಚೀಲದಲ್ಲಿಟ್ಟುಕೊಂಡೆ.

ಎಂಟೂ ಆಸ್ಪತ್ರೆಗಳಲ್ಲಿ ನಿಮ್ಮದೇ ಮೊದಲು. ಎಲ್ಲ ಫಾರಂ ವಾಪಸು ಬಂದಿವೆ, ಒಂದು ದೂರು ಇಲ್ಲ, ಒಬ್ಬರ ಕೆಲಸವೂ ನಿಂತಿಲ್ಲ. ಮೇಲಧಿಕಾರಿ ಎಲ್ಲರೆದುರು ಎದ್ದು ನಿಂತು, ಬದಲಾವಣೆ ಅಂದರೆ ಹೀಗಿರಬೇಕು, ಬಂದದ್ದೇ ಗೊತ್ತಾಗಬಾರದು ಎಂದರು. ನಿನ್ನ ನೆನಪಾಯಿತು.

ಮುಂದಿನ ತಿಂಗಳಿಂದ ಹೊಸ ಕಂಪ್ಯೂಟರ್ ಪರದೆ ಬರುತ್ತದೆ. ಹಳೆಯ ಪುಸ್ತಕಗಳಿಂದ ಬೇಕಾದ ಕಾಲಂಗಳನ್ನು ಆಗಲೇ ತುಂಬಿಸಿದ್ದಾರೆ. ವಾರಸುದಾರರಿಲ್ಲದ ಪುಸ್ತಕಗಳನ್ನು ಫಾರಂ ಬಂದ ತೊಂಬತ್ತು ದಿನಕ್ಕೆ ವಿಲೇವಾರಿ ಮಾಡುತ್ತೇವೆ. ಪಟ್ಟಿಯನ್ನು ನಿಮ್ಮ ಆಸ್ಪತ್ರೆಯ ಸೂಚನಾ ಫಲಕಕ್ಕೆ ಹಾಕಿದ್ದೇವೆ. ಮತ್ತೆ ಮತ್ತೆ ಕೇಳಿ ಜನರಿಗೆ ತೊಂದರೆ ಕೊಡುವುದಿಲ್ಲ.

ಬೇಸಿಗೆಯಲ್ಲಿ ನಾಲ್ಕು ದಿನ ಬರಲೇ?

ಮಗಳು

*

ಮೇ 14

ಮಗಳಿಗೆ,

ಎಡಗೈಯಲ್ಲಿ ಬರೆಯುತ್ತಿದ್ದೇನೆ, ಅಕ್ಷರ ಕುಣಿದಿದ್ದರೆ ಅದಕ್ಕೆ. ಹೋದ ವಾರ ಕಪಾಟಿನ ತಗಡು ತಗುಲಿ ಬಲ ಅಂಗೈ ಸೀಳಿತು. ನಾಲ್ಕು ಹೊಲಿಗೆ. ಐದು ದಿನ ಮನೆಯಲ್ಲಿದ್ದೆ.

ನಿನ್ನೆ ಹೋದರೆ ಕಪಾಟಿನಲ್ಲಿ ಪುಸ್ತಕ ಇಲ್ಲ. ಒಂದೂ ಇಲ್ಲ. ಇಪ್ಪತ್ತೆರಡು ವರ್ಷದ ಪುಸ್ತಕ ಇದ್ದ ಕಡೆ ಧೂಳಿನಲ್ಲಿ ಚೌಕದ ಅಚ್ಚು ಮಾತ್ರ ಇದೆ. ಬೀಗರು ಹೇಳಿದ: "ಲಾರಿ ತಂದಿದ್ದರಕ್ಕ. ಮೊಹರಿರೋ ಕಾಗದ ತೋರಿಸಿದರು. ನಾನು, ಅಕ್ಕ ಬರಲಿ ಅಂದೆ. ಅಕ್ಕನೇ ಇಲ್ಲ ಅಂತ ಬರೆದುಕೊಟ್ಟಿದ್ದಾರಲ್ಲಪ್ಪ ಅಂದರು. ನಿಮ್ಮ ಕೈಬರಹ ತೋರಿಸಿದರು. ನಾನೇನು ಮಾಡಲಿ?"

ನಿನ್ನ ಕಾಗದದಲ್ಲಿ ವಿಲೇವಾರಿ ಅಂತ ಓದಿದಾಗ ಯಾರಿಗೂ ಬೇಡದ ಪುಸ್ತಕಗಳು ಅಂದುಕೊಂಡೆ, ನನ್ನವು ಅಂತ ಹೊಳೆಯಲಿಲ್ಲ. ಫಲಕದ ಪಟ್ಟಿ ಈಗ ಹೋಗಿ ನೋಡಿದೆ. ಕ್ಯಾಂಟೀನಿನ ಹತ್ತಿರದ ಫಲಕ. ನಾನು ಡಬ್ಬಿ ತೆಗೆದುಕೊಂಡು ಹೋಗುವವಳು, ಆ ಕಡೆ ಕಾಲಿಟ್ಟವಳಲ್ಲ.

ಮೇಜಿನ ಮೇಲೆ ಪರದೆ ಇಟ್ಟಿದ್ದಾರೆ. ನಂಬರು, ದಿನಾಂಕ, ಗಂಡು ಹೆಣ್ಣು, ಅಂದಾಜು ವಯಸ್ಸು. ಗುರುತು ಎಲ್ಲಿ ಅಂತ ಕೇಳಿದೆ. ಪರದೆ ಕೂರಿಸಲು ಬಂದವರು ಒಳ್ಳೆಯವರು, ಸಮಾಧಾನದಿಂದಲೇ ಹೇಳಿದರು. ಆ ಕಾಲಂನಲ್ಲಿ ಒಬ್ಬೊಬ್ಬರದು ಒಂದೊಂದು ಥರ ಬರಹವಂತೆ, ಶಿಸ್ತಿಗೆ ಬಗ್ಗಲಿಲ್ಲವಂತೆ.

ಪುಸ್ತಕಗಳನ್ನು ಎಲ್ಲಿಟ್ಟಿದ್ದೀರಿ? ನನಗೆ ಬೇಕು. ಬೆಳಿಗ್ಗೆ ಒಬ್ಬ ಮುದುಕರು ಬಂದು ಬೆಂಚಿನ ಮೇಲೆ ಕೂತಿದ್ದರು. ನಾನು ಪರದೆ ನೋಡಿ ಓದಿದೆ, "ಗಂಡು, ಸುಮಾರು ನಲವತ್ತು." ಅವರು "ಆಮೇಲೆ?" ಅಂದರು. ಆಮೇಲೆ ಏನೂ ಇರಲಿಲ್ಲ.

ಅಮ್ಮ

*

ಮೇ 18

ಅಮ್ಮ,

ಪುಸ್ತಕಗಳ ವಿಷಯ ಗೋದಾಮಿಗೆ ಬರೆದು ಕೇಳಿದ್ದೇನೆ. ಕೊನೆಯ ಕಾಲಂನಲ್ಲಿ ನೀನು 'ಇಲ್ಲ' ಅಂತ ಬರೆದರೆ ಏನಾಗುತ್ತದೆ ಅಂತ ನನಗೆ ಆಗ ಹೊಳೆಯಲೇ ಇಲ್ಲ. ಅಲ್ಲಿ ಕೇಳಿದ್ದು ಸತ್ತವರ ವಾರಸುದಾರರನ್ನಲ್ಲ ಅಮ್ಮ, ಪುಸ್ತಕಕ್ಕೆ ಹೊಣೆ ಯಾರು ಅಂತ. ನಿನ್ನ ಹೆಸರು ಬರೆದಿದ್ದರೆ ಆಗುತ್ತಿತ್ತು. 'ಮಾಲೀಕರು' ಅಂತ ಹಾಕಿದರೆ ಅಂಗಡಿ ಥರ ಆಗುತ್ತದೆ ಅಂತ ನಾನೇ ಆ ಪದ ಇಟ್ಟೆ. ನಿನ್ನ ಫೆಬ್ರವರಿ ಕಾಗದ ತೆಗೆದು ಓದಿದೆ. ನೀನು ಸ್ಪಷ್ಟವಾಗಿ ಬರೆದಿದ್ದೀಯ. ನಾನು ಆ ದಿನ ಬಸ್ಸಿನಲ್ಲಿ ನಿಂತು ಓದಿ ನಕ್ಕಿದ್ದು ನೆನಪಿದೆ.

ಕೈಯ ಹೊಲಿಗೆ ಯಾರು ಹಾಕಿದರು? ಗುರುತಿನವರು ಸಿಕ್ಕರು ಅಂತ ಎಲ್ಲೋ ಹಾಕಿಸಿಕೊಂಡಿಲ್ಲ ತಾನೆ? ಅಣ್ಣನ ಕೈಗೆ ಹಾಕಿದ್ದರಲ್ಲ, ಚಪ್ಪಲಿ ಹೊಲಿದ ಹಾಗೆ, ಹಾಗಾಗಬಾರದು.

ಮಗಳು

*

ಮೇ 21

ಯಾವ ಹೊಲಿಗೆ? ಯಾವ ಕೈ? ಯಾವಾಗ?

ಅಮ್ಮ

*

ಮೇ 25

ಅಮ್ಮ,

ನಿನಗೆ ಗೊತ್ತಿದೆ ಅಂದುಕೊಂಡಿದ್ದೆ. ಅಷ್ಟು ವರ್ಷದಲ್ಲಿ ಎಂದೋ ಒಂದು ದಿನ ಮಾತಿನಲ್ಲಿ ಬಂದಿರುತ್ತದೆ ಅಂದುಕೊಂಡಿದ್ದೆ.

ಅವನು ಕಾಣದೇ ಹೋಗುವುದಕ್ಕೆ ಐದು ವಾರ ಮುಂಚೆ, ಗಾಜಿನ ಅಂಗಡಿಯಲ್ಲಿ ದೊಡ್ಡ ಗಾಜೊಂದು ಜಾರಿ ಎಡ ಮೊಣಕೈ ಕೆಳಗೆ ಉದ್ದಕ್ಕೆ ಕೊಯ್ದಿತ್ತು. ಅಂಗಡಿಯವರು ಪಕ್ಕದ ಬೀದಿಯಲ್ಲೇ ಯಾರ ಹತ್ತಿರವೋ ಹೊಲಿಸಿದರು. ಹಾವು ಹೋದ ಹಾಗೆ ವಕ್ರವಾಗಿತ್ತು. ಕಟ್ಟು ಬಿಚ್ಚಲು ನನ್ನನ್ನು ಕರೆದ. "ಪಿಟೀಲು, ಅಮ್ಮನಿಗೆ ಹೇಳಿದೆಯೋ ನಿನ್ನ ತಂತಿ ಕಿತ್ತುಹಾಕ್ತೀನಿ. ಗಾಜಿನ ಕೆಲಸ ಬೇಡ ಅಂತ ಮೊದಲೇ ಕುಣೀತಾ ಇದ್ದಾಳೆ" ಅಂದ. ನಾನು ಹೇಳಲಿಲ್ಲ.

ಸೆಕೆಯಲ್ಲಿ ಅವನು ತುಂಬುತೋಳಿನ ಅಂಗಿ ಹಾಕುತ್ತಿದ್ದದ್ದು ಅದಕ್ಕೆ. ನೀನು, ಯಾವುದೋ ಹುಡುಗಿಗೆ ಚೆಂದ ಕಾಣಲಿ ಅಂತ ಹಾಕುತ್ತಾನೆ ಅಂತ ರೇಗಿಸುತ್ತಿದ್ದೆ.

ಪೊಲೀಸರು ಗುರುತು ಕೇಳಿದ ದಿನ ನಾನು ಮನೆಯಲ್ಲಿರಲಿಲ್ಲ, ಬಸ್ ನಿಲ್ದಾಣಗಳಲ್ಲಿ ಫೋಟೋ ಹಿಡಿದು ತಿರುಗುತ್ತಿದ್ದೆ. ಗುರುತೆಲ್ಲ ಅಮ್ಮ ಬರೆಸಿರುತ್ತಾಳೆ ಅಂದುಕೊಂಡೆ. ನಿನಗಿಂತ ಚೆನ್ನಾಗಿ ಯಾರಿಗೆ ಗೊತ್ತು.

ಯಾಕೆ ಕೇಳಿದೆ?

ಮಗಳು

*

ಮೇ 29

ಮಗಳಿಗೆ,

ಯಾಕೆ ಕೇಳಿದೆ ಅಂತ ಬರೆಯುತ್ತೇನೆ. ಕೂತು ಓದು. ಬಸ್ಸಿನಲ್ಲಿ ಓದಬೇಡ.

ಹಿರಿಯ ಗುಮಾಸ್ತರ ಪುಸ್ತಕದಲ್ಲಿ ಒಂದು ಸಾಲಿತ್ತು. ನಾನು ಈ ಮೇಜಿಗೆ ಬರುವ ಮುಂಚಿನ ಆ ಹದಿನಾಲ್ಕು ತಿಂಗಳ ಒಳಗಿನದು. 'ಎಡ ಮುಂಗೈ ಮೇಲೆ ಹೊಲಿಗೆಯ ಕಲೆ, ವಕ್ರ, ಹೊಲಿದವರಿಗೆ ಅವಸರವಿದ್ದಂತಿದೆ. ಮೈಮೇಲೆ ಅಂಗಿ ಇಲ್ಲ.' ಅಷ್ಟು ನನಗೆ ನೆನಪಿದೆ, ಅವರ ದುಂಡು ಅಕ್ಷರದ ಸಮೇತ ನೆನಪಿದೆ. ಅದರ ಹಿಂದೆ ಏನಿತ್ತು, ಮುಂದೆ ಏನಿತ್ತು ನೆನಪಿಲ್ಲ. ಮಚ್ಚೆ ಇತ್ತೋ, ಮಂಡಿಯ ಕಲೆ ಇತ್ತೋ. ಯಾಕೆಂದರೆ ನಾನು ಓದಲಿಲ್ಲ. ಹೊಲಿಗೆ ಅಂತ ಕಂಡ ಕೂಡಲೇ, ನಮ್ಮವನಲ್ಲ, ಅವನ ಕೈಮೇಲೆ ಗೀರೂ ಇಲ್ಲ ಅಂತ ಮುಂದಿನ ಸಾಲಿಗೆ ಹೋದೆ. ಪ್ರತಿ ಸಲವೂ ಅಲ್ಲಿಗೆ ಬಂದು ಹಾಗೇ ದಾಟಿಕೊಂಡು ಹೋದೆ. ಇವನ ತಾಯಿ ಎಲ್ಲಿದ್ದಾಳೋ ಪಾಪ, ಅಂತ ಕೂಡ ಒಂದು ಸಲ ಅಂದುಕೊಂಡಿದ್ದೆ.

ನಂಬರು ನೆನಪಿಲ್ಲ. ಯಾವ ತಿಂಗಳು ಅಂತಲೂ ಇಲ್ಲ. ಸ್ಮಶಾನದಲ್ಲಿ ತಗಡಿನ ಮೇಲೆ ಬರೆದಿರುವುದು ಆ ನಂಬರು ಮಾತ್ರ.

ಅವನೇ ಅಂತ ನಾನು ಹೇಳುತ್ತಿಲ್ಲ. ಅವನಲ್ಲ ಅಂತಲೂ ಈಗ ಹೇಳಲಾರೆ. ಆ ಪುಟ ಒಂದು ಸಲ ನೋಡಬೇಕು. ಪುಸ್ತಕ ತರಿಸು. ನಿನಗೆ ನಾನು ಏನನ್ನೂ ಕೇಳಿದವಳಲ್ಲ. ಇದು ಕೇಳುತ್ತಿದ್ದೇನೆ.

ಅಮ್ಮ

*

ಜೂನ್ 12

ಅಮ್ಮ,

ಗೋದಾಮಿನವರು ಹೇಳಿದ್ದನ್ನು ನಂಬದೆ ನಾನೇ ಹೋದೆ. ಅಲ್ಲಿಂದ ಕಾಗದದ ಕಾರ್ಖಾನೆಗೂ ಹೋದೆ. ಮೇ ಹದಿನಾರಕ್ಕೆ ಎಲ್ಲ ಅರೆದಾಗಿದೆ. ಬೂದು ಬಣ್ಣದ ದೊಡ್ಡ ತೊಟ್ಟಿ. ಅದರ ಅಂಚಿನಲ್ಲಿ ನಿಂತುಕೊಂಡೆ. ಅಲ್ಲಿಯವರು, "ನೋಡಿ ಮೇಡಂ, ಒಂದಕ್ಷರವೂ ಉಳಿಯಲ್ಲ, ಗುಟ್ಟು ಗುಟ್ಟಾಗೇ ಇರುತ್ತೆ" ಅಂತ ಧೈರ್ಯ ಹೇಳಿದರು. ನಾನು ಸಹಿ ಮಾಡಿದ ಆದೇಶವೇ ಅವರ ಗೋಡೆಯ ಮೊಳೆಗೆ ಸಿಕ್ಕಿಸಿತ್ತು.

ಪುಸ್ತಕಗಳ ಪಡಿಯಚ್ಚು ತೆಗೆದಿಲ್ಲ. ತೆಗೆದರೆ ನಿಮ್ಮ ಕೆಲಸಕ್ಕೆ ಎರಡು ದಿನ ಅಡ್ಡಿಯಾಗುತ್ತದೆ ಅಂತ ಬೇಡವೆಂದದ್ದು ನಾನು.

ಪರದೆಯಲ್ಲಿ ಉಳಿದದ್ದರಿಂದ ಒಂದು ಪಟ್ಟಿ ತೆಗೆದಿದ್ದೇನೆ. ಅಣ್ಣ ಹೋದ ದಿನದಿಂದ ನೀನು ಆ ಮೇಜಿಗೆ ಬಂದ ದಿನದವರೆಗೆ, ಗಂಡು, ವಯಸ್ಸು ಇಪ್ಪತ್ತರಿಂದ ಮೂವತ್ತು. ಮೂವತ್ತೊಂದು ನಂಬರು. ಜೊತೆಗಿಟ್ಟಿದ್ದೇನೆ. ಇದಕ್ಕಿಂತ ಸಣ್ಣದು ಮಾಡಲು ಆಗಲಿಲ್ಲ. ಮೂರು ದಿನ ಕೂತೆ.

ಫಾರಂನಲ್ಲಿ ಪದ ಬದಲಾಯಿಸಿದ್ದೇವೆ. ಈಗ 'ಹೊಣೆಗಾರರು' ಅಂತಿದೆ. ಉಳಿದ ಏಳು ಆಸ್ಪತ್ರೆಗಳಿಗೆ ಅದು ಹೋಗುತ್ತದೆ. ಮೇಲಧಿಕಾರಿಗೆ ನಡೆದದ್ದೆಲ್ಲ ಹೇಳಿದೆ. ಬಹಳ ಬೇಸರಪಟ್ಟುಕೊಂಡು, ವರದಿಯಲ್ಲಿ ಬರೆಯೋಣ ಅಂದರು. ಬರೆದಿದ್ದಾರೆ. 'ಒಂದು ಕಡೆ ಸಣ್ಣ ಗೊಂದಲ' ಅಂತ.

ಅವತ್ತೇ ನಿನಗೆ ಹೇಳಿದ್ದರೆ ನೀನು ಅವನಿಗೆ ಎರಡು ಬೈದು ಸುಮ್ಮನಾಗುತ್ತಿದ್ದೆ, ಅಲ್ಲವಾ?

ಪಿಟೀಲು

*

ಜುಲೈ 8

ಪಿಟೀಲು,

ಹೌದು, ಬೈಯುತ್ತಿದ್ದೆ. ಎರಡಲ್ಲ, ಬಹಳ ಬೈಯುತ್ತಿದ್ದೆ. ಆಮೇಲೆ ಕೈ ಹಿಡಿದು ನೋಡುತ್ತಿದ್ದೆ.

ಪಟ್ಟಿ ಹಿಡಿದು ಪೊಲೀಸ್ ಠಾಣೆಗೆ ಹೋದೆ. ಅವರ ಫೋಟೋಗಳು ಐದು ವರ್ಷ ಮಾತ್ರ ಇರುತ್ತವಂತೆ. ಅವರಲ್ಲೂ ಶಿಸ್ತು ಬಂದಿದೆ. ಹಿರಿಯ ಗುಮಾಸ್ತರ ಮನೆಗೆ ಹೋದೆ. ಅವರ ಸೊಸೆ ಕುರ್ಚಿ ಹಾಕಿದಳು. ಅವರಿಗೆ ಈಗ ನಾನು ಯಾರೆಂದೇ ತಿಳಿಯಲಿಲ್ಲ. ಹೊಲಿಗೆ ಅಂತ ನಾಲ್ಕು ಸಲ ಹೇಳಿದೆ. ತಮ್ಮ ಅಂಗಿಯ ಗುಂಡಿ ಬಿಚ್ಚಿ ನನ್ನ ಮುಂದೆ ಹಿಡಿದರು.

ಭಾನುವಾರಗಳಲ್ಲಿ ಸ್ಮಶಾನಕ್ಕೆ ಹೋಗುತ್ತಿದ್ದೇನೆ. ಬೀಗರೂ ಬರುತ್ತಾನೆ, ಬೇಡವೆಂದರೂ. ಹಿಂದಿನ ಗೋಡೆಯ ಉದ್ದಕ್ಕೆ ತಗಡುಗಳಿವೆ. ತುಕ್ಕು ಹಿಡಿದು ಕೆಲವದರ ಮೇಲೆ ಒಂದೆರಡು ಅಂಕಿ ಮಾತ್ರ ಉಳಿದಿದೆ. ತಂತಿಯ ಬ್ರಷ್ ತಂದು ಉಜ್ಜಿ ಒಂದೊಂದೇ ಗುರುತು ಮಾಡಿಕೊಂಡೆವು. ಇಪ್ಪತ್ತೆಂಟು ಸಿಕ್ಕಿತು. ಮೂರು ಸಿಗಲಿಲ್ಲ. ಸಿಕ್ಕ ಪ್ರತಿಯೊಂದರ ಎದುರು ಸ್ವಲ್ಪ ಹೊತ್ತು ಕೂತೆ. ಹೆತ್ತವಳಿಗೆ ಒಳಗೆ ಏನೋ ತಿಳಿಯುತ್ತದೆ ಅನ್ನುತ್ತಾರಲ್ಲ. ನನಗೆ ಏನೂ ತಿಳಿಯಲಿಲ್ಲ. ಮಂಡಿ ನೋಯಿತು, ಅಷ್ಟೆ.

ನಿನ್ನ ಮೇಲೆ ಸಿಟ್ಟು ಇಲ್ಲ ಅಂತ ಬರೆಯಲು ಕೂತಿದ್ದೆ. ಬರೆಯಲು ಬರುತ್ತಿಲ್ಲ. ಇದೆ. ನನ್ನ ಮೇಲೂ ಇದೆ. ಯಾರಿಗೂ ತೊಂದರೆಯಾಗಬಾರದು ಅಂತ ಅವನು ಕೈ ಮುಚ್ಚಿಕೊಂಡ, ನೀನು ಬಾಯಿ ಮುಚ್ಚಿಕೊಂಡೆ, ನಿನ್ನ ಕಚೇರಿ ಎರಡನೆಯ ಸಲ ಕೇಳಲಿಲ್ಲ. ನಾನು ಒಂದು ಸಾಲು ಪೂರ್ತಿ ಓದಲಿಲ್ಲ. ಯಾರಿಗೂ ತೊಂದರೆಯಾಗಲಿಲ್ಲ. ನೋಡು, ಎಲ್ಲ ಎಷ್ಟು ಸದ್ದಿಲ್ಲದೆ ಆಯಿತು.

ಪೇಟೆಯಿಂದ ಒಂದು ದಪ್ಪ ಪುಸ್ತಕ ತಂದಿದ್ದೇನೆ, ಗೆರೆ ಎಳೆದದ್ದು. ಪರದೆಯ ಪಕ್ಕದಲ್ಲಿ ಇಟ್ಟುಕೊಂಡು ಹೊಸದಾಗಿ ಬಂದವರ ಗುರುತನ್ನು ಅದರಲ್ಲಿ ಬರೆಯುತ್ತಿದ್ದೇನೆ. ಪರಿಶೀಲನೆಗೆ ಬಂದವರು, ಇದು ಪಟ್ಟಿಯಲ್ಲಿಲ್ಲದ ಪುಸ್ತಕ, ಇದಕ್ಕೆ ಹೊಣೆ ಯಾರು ಅಂದರು. ರಟ್ಟಿನ ಮೇಲೆ ನನ್ನ ಹೆಸರು ಬರೆದು ತೋರಿಸಿದೆ.

ಮೊದಲ ಪುಟದಲ್ಲಿ ಆ ಮೂವತ್ತೊಂದು ನಂಬರನ್ನೂ ಬರೆದಿದ್ದೇನೆ. ಗುರುತು ಅನ್ನುವ ಕಡೆ ಖಾಲಿ. ವಾರಸುದಾರರು ಅನ್ನುವ ಕಡೆ ಮೂವತ್ತೊಂದು ಸಲ 'ಇದ್ದಾರೆ, ತಾಯಿ' ಅಂತ ಬರೆದೆ. ಹೊಲಿಗೆ ಹಾಕಿದ ಕೈ, ನೋಯಿತು. ನೋಡುತ್ತಾ ನಿಂತಿದ್ದ ಬೀಗರು, "ಒಬ್ಬರಿಗೇ ಮೂವತ್ತೊಂದು ಮಕ್ಕಳಾ ಅಂತ ನಿಮ್ಮ ಮಗಳ ಯಂತ್ರ ಒಪ್ಪಲ್ಲಕ್ಕ" ಅಂದ. ಒಪ್ಪದಿರಲಿ, ಅದು ಯಂತ್ರಕ್ಕೆ ಬರೆದದ್ದಲ್ಲ ಅಂದೆ.

ಕಾರ್ಡಿನಲ್ಲಿ ಅವನ ಹೆಸರು ಹಾಗೇ ಇರುತ್ತದೆ.

ಪ್ರತಿ ಸಾಲಿನ ಕೊನೆಯಲ್ಲೂ ಇನ್ನೊಂದು ಹೆಸರಿಗೆ ಆಗುವಷ್ಟು ಜಾಗ ಬಿಟ್ಟಿದ್ದೇನೆ. 'ತಂಗಿ' ಅಂತ ನಾನೇ ಬರೆಯಬಹುದಿತ್ತು. ಬರೆಯಲಿಲ್ಲ. ನಿನ್ನ ಕೈಬರಹವೇ ಇರಬೇಕು. ಬಂದು ಬರೆ. ಒಂದು ದಿನದ ಕೆಲಸ ನಿಂತರೆ ನಿಲ್ಲಲಿ.

ಬರಲಾಗದಿದ್ದರೆ ಫಾರಂ ಮಾತ್ರ ಕಳಿಸಬೇಡ.

ಅಮ್ಮ